ನೀರಿಗಿಂತ ಮೊದಲು ಊರು: ಶರಾವತಿ ಮುಳುಗಡೆಯ ಸಾಕ್ಷ್ಯಚಿತ್ರ ಮಾಡುವ ಬಗೆ

ಶರಾವತಿ ಮುಳುಗಡೆಯ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ಹೊರಟವರ ಕ್ಯಾಮೆರಾಕ್ಕೆ ಮೊದಲು ಸಿಗುವುದು ಹಿನ್ನೀರು. ಅಗಲವಾದ ನೀರು, ನಡುವೆ ತಲೆ ಎತ್ತಿದ ಒಣಮರದ ಬೊಡ್ಡೆಗಳು, ದೂರದಲ್ಲಿ ಒಂದು ಲಾಂಚ್. ನೋಡಲು ಚಂದ, ತೆಗೆಯಲು ಸಲೀಸು. ಆದರೆ ಆ ಚಿತ್ರದಲ್ಲಿ ಊರಿಲ್ಲ. ಯಾರ ಗದ್ದೆ ಎಲ್ಲಿತ್ತು, ಹಳ್ಳ ಎಲ್ಲಿ ತಿರುಗುತ್ತಿತ್ತು, ಬೂತಪ್ಪನ ಬನ ಯಾವ ದಿಕ್ಕಿಗಿತ್ತು ಎಂಬುದು ಗೊತ್ತಿಲ್ಲದೆ ತೆಗೆದ ನೀರು ಯಾವ ಜಲಾಶಯದ ನೀರಾದರೂ ಆಗಬಹುದು. ಹಾಗಾಗಿ ನಾವು ಮೊದಲು ನಕಾಶೆ ಮಾಡಿಕೊಳ್ಳುತ್ತೇವೆ, ಆಮೇಲೆ ಮಾತಿಗೆ ಕೂರುತ್ತೇವೆ, ಕ್ಯಾಮೆರಾ ಹೊರಗೆ ಬರುವುದು ಕಡೆಗೆ.

ಕಾಲದ ಲೆಕ್ಕ ಮೊದಲೇ ತಿಳಿಯಾಗಿರಬೇಕು. ಈ ಕಣಿವೆ ಎರಡು ಸಲ ಮುಳುಗಿದೆ. ಜೋಗದ ವಿದ್ಯುದಾಗಾರಕ್ಕೆ ನೀರು ಕೊಡಲು ಮಡೆನೂರಿನಲ್ಲಿ ಕಟ್ಟಿದ ಹಿರೇಭಾಸ್ಕರ ಅಣೆಕಟ್ಟೆಯಿಂದ ಒಮ್ಮೆ, 1940ರ ದಶಕದ ಕೊನೆಗೆ. ಲಿಂಗನಮಕ್ಕಿಯಿಂದ ಇನ್ನೊಮ್ಮೆ, 1964ರ ಹೊತ್ತಿಗೆ. ಎರಡನೆಯ ಜಲಾಶಯ ಎಷ್ಟು ದೊಡ್ಡದೆಂದರೆ ಮೊದಲನೆಯ ಅಣೆಕಟ್ಟೆಯೇ ಅದರೊಳಗೆ ಮುಳುಗಿತು; ಬೇಸಿಗೆಯಲ್ಲಿ ನೀರು ಚೆನ್ನಾಗಿ ಇಳಿದ ವರ್ಷ ಮಾತ್ರ ಮಡೆನೂರು ಕಟ್ಟೆಯೂ ನೀರು ಹೊರಹಾಕುವ ಅದರ ಸೈಫನ್‌ಗಳೂ ಮೇಲೆ ಕಾಣುತ್ತವೆ. ಎರಡೂ ಸಲ ಎತ್ತಂಗಡಿಯಾದ ಮನೆತನಗಳಿವೆ. ಹಿರಿಯರು ‘ಮುಳುಗಡೆ ಆದಾಗ’ ಎಂದರೆ ಯಾವ ಮುಳುಗಡೆ ಎಂದು ಅಲ್ಲೇ ಕೇಳಿಕೊಳ್ಳಬೇಕು. ಕೇಳದೆ ಬಿಟ್ಟರೆ ಎಡಿಟಿಂಗ್ ಹೊತ್ತಿಗೆ ಅಪ್ಪನ ಕಾಲದ ಗಾಡಿಯೂ ಮಗನ ಕಾಲದ ಲಾರಿಯೂ ಒಂದೇ ಮಾತಿನೊಳಗೆ ಸೇರಿಕೊಂಡು ಬಿಡಿಸಲಾಗದಂತಾಗುತ್ತದೆ.

ಸಾಕ್ಷಿಗಳ ವಯಸ್ಸಿನ ಲೆಕ್ಕವೂ ಬೇಕು. 1964ರಲ್ಲಿ ಹದಿನೈದು ವರ್ಷದವರಾಗಿದ್ದವರಿಗೆ ಈಗ ಎಪ್ಪತ್ತೈದು ದಾಟಿದೆ. ಪರಿಹಾರದ ಕಾಗದಕ್ಕೆ ಹೆಬ್ಬೆಟ್ಟು ಒತ್ತಿದವರು, ಜಾಗ ನೋಡಲು ಹೋಗಿಬಂದವರು ಹೆಚ್ಚಿನವರು ಹೋಗಿಬಿಟ್ಟಿದ್ದಾರೆ. ಈಗ ಮಾತಿಗೆ ಸಿಗುವವರು ಆಗಿನ ಮಕ್ಕಳು. ಅವರಿಗೆ ದರ, ಎಕರೆ, ಅಧಿಕಾರಿಯ ಹೆಸರು ನೆನಪಿರುವುದು ಕಡಿಮೆ. ಶಾಲೆಯ ದಾರಿ, ಹಳ್ಳ ದಾಟುವ ಸಂಕ, ಮಾವಿನಮರ, ದನ ಬಿಟ್ಟು ಬಂದದ್ದು ಚೆನ್ನಾಗಿ ನೆನಪಿರುತ್ತದೆ. ಇಸವಿ ಕೇಳಿದರೆ ತಡವರಿಸುತ್ತಾರೆ. ‘ನಿಮ್ಮ ಅಕ್ಕನ ಮದುವೆ ಹಳೇ ಮನೇಲಿ ಆತೋ ಹೊಸ ಮನೇಲೋ?’ ಎಂದರೆ ತಟ್ಟನೆ ಉತ್ತರ ಬರುತ್ತದೆ. ಅಂಥ ಎರಡು ಮೂರು ಉತ್ತರ ಸೇರಿಸಿದರೆ ಇಸವಿ ತಾನೇ ಸಿಗುತ್ತದೆ.

ನಕಾಶೆಗೆ ಆಧಾರ ಮೂರು ಕಡೆ ಸಿಗುತ್ತದೆ. ಒಂದು, ಭೂದಾಖಲೆ ಇಲಾಖೆಯಲ್ಲಿರುವ ಹಳೆಯ ಗ್ರಾಮ ನಕಾಶೆ. ಮಾಹಿತಿ ಹಕ್ಕಿನಲ್ಲಿ ಕೇಳುವುದಾದರೆ ಕರ್ನಾಟಕದ ನಿಯಮದಂತೆ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ, ಶುಲ್ಕ 10 ರೂಪಾಯಿ. ಹತ್ತು ಊರಿನ ನಕಾಶೆ, ಪರಿಹಾರದ ಪಟ್ಟಿ, ಸ್ಥಳಾಂತರದ ಆದೇಶ ಎಲ್ಲವನ್ನೂ ಒಂದೇ ಅರ್ಜಿಯಲ್ಲಿ ತುಂಬಿದರೆ ಆ ಕಾರಣಕ್ಕೇ ವಾಪಸ್ ಬರುತ್ತದೆ. ಬಿಡಿಬಿಡಿಯಾಗಿ ಹಾಕಬೇಕು. ಎರಡು, ಸರ್ವೆ ಆಫ್ ಇಂಡಿಯಾದ ಹಾಳೆಗಳು. ಲಿಂಗನಮಕ್ಕಿಯ ಸುತ್ತಣ ಭಾಗ 48ಜೆ, ಸಾಗರ ಪೇಟೆ 48ಎನ್ ಸಂಖ್ಯೆಯೊಳಗೆ ಬರುತ್ತವೆ. ಅಣೆಕಟ್ಟೆಗಿಂತ ಹಿಂದಿನ ಸರ್ವೆಯ ಹಾಳೆ ಸಿಕ್ಕರೆ ಹಳ್ಳ, ಗಾಡಿದಾರಿ, ಊರಿನ ಹೆಸರು ಎಲ್ಲ ಇರುತ್ತವೆ. ಮೂರು, ಜನರ ಬಾಯಿ. ಬಿಳಿ ಡ್ರಾಯಿಂಗ್ ಹಾಳೆ ನೆಲಕ್ಕೆ ಹಾಸಿ, ನದಿಯ ಗೆರೆಯೊಂದನ್ನು ನಾವೇ ಎಳೆದುಕೊಟ್ಟು ಮಿಕ್ಕಿದ್ದನ್ನು ಅವರಿಗೇ ಬಿಡುತ್ತೇವೆ. ಖಾಲಿ ಹಾಳೆ ಕೊಟ್ಟರೆ ಪೆನ್ನು ಹಿಡಿಯಲು ಹಿಂಜರಿಯುತ್ತಾರೆ, ನದಿ ಇದ್ದರೆ ಕೈ ಓಡುತ್ತದೆ. ಒಂದೇ ಊರಿನ ಇಬ್ಬರನ್ನು ಒಟ್ಟಿಗೆ ಕೂರಿಸಬೇಕು. ‘ಅಲ್ಲಲ್ಲ, ಅದು ಮಕ್ಕಿಗದ್ದೆ (ಎತ್ತರದ ಗದ್ದೆ), ಬೈಲು ಇನ್ನೂ ಕೆಳಗೆ’ ಎಂದು ಒಬ್ಬರನ್ನೊಬ್ಬರು ತಿದ್ದುವಾಗ ಬರುವ ವಿವರ ನಮ್ಮ ಯಾವ ಪ್ರಶ್ನೆಗೂ ಬರುವುದಿಲ್ಲ. ಈ ಹೊತ್ತು ಕ್ಯಾಮೆರಾ ಬೇಡ. ಧ್ವನಿಮುದ್ರಣ ಮಾತ್ರ ಸಾಕು.

ಹಾಳೆ ತಯಾರಾದ ಮೇಲೆ ನೀರಿನ ಮಟ್ಟ ನೋಡಬೇಕು. ಲಿಂಗನಮಕ್ಕಿಯ ಗರಿಷ್ಠ ಮಟ್ಟ ಸಮುದ್ರಮಟ್ಟದಿಂದ 1,819 ಅಡಿ. ಆ ದಿನದ ಮಟ್ಟ ಜಿಲ್ಲಾ ಪತ್ರಿಕೆಗಳಲ್ಲಿ ಬರುತ್ತದೆ. ಯಾವ ಜಾಗ ಯಾವ ಮಟ್ಟಕ್ಕೆ ಬಯಲಾಗುತ್ತದೆ ಎಂದು ತಿಳಿಯಲು ಸರ್ವೆ ಆಫ್ ಇಂಡಿಯಾ ಹಾಳೆಯ ಎತ್ತರದ ಗೆರೆಗಳು ಸಾಲವು, ಅವುಗಳ ನಡುವಿನ ಅಂತರ ದೊಡ್ಡದು. ಸೆಂಟಿನೆಲ್-2 ಉಪಗ್ರಹದ ಚಿತ್ರಗಳು ಉಚಿತವಾಗಿ ಸಿಗುತ್ತವೆ, ಹತ್ತು ಮೀಟರ್ ಸ್ಪಷ್ಟತೆ. ಹಿಂದಿನ ಬೇಸಿಗೆಗಳ ಚಿತ್ರವನ್ನೂ ಅದೇ ತಾರೀಖಿನ ನೀರಿನ ಮಟ್ಟವನ್ನೂ ಪಕ್ಕಪಕ್ಕ ಇಟ್ಟರೆ ಯಾವ ದಿಬ್ಬ ಯಾವಾಗ ಏಳುತ್ತದೆ ಎಂಬ ಪಟ್ಟಿ ಸಿದ್ಧವಾಗುತ್ತದೆ. ಹಳೇ ಊರಿನ ಜಾಗದಲ್ಲಿ ಹಿರಿಯರನ್ನು ನಡೆಸಿಕೊಂಡು ಹೋಗುವುದಿದ್ದರೆ ಏಪ್ರಿಲ್ ಕೊನೆಯಿಂದ ಮುಂಗಾರು ಹಿಡಿಯುವವರೆಗೆ ಮಾತ್ರ ಅವಕಾಶ.

ಆ ನಡಿಗೆಯಲ್ಲಿ ಅಪಾಯವಿದೆ. ಮೇಲೆ ಒಣಗಿ ಬಿರುಕು ಬಿಟ್ಟ ಹೂಳು ಕೆಳಗೆ ಹಸಿಯಾಗಿಯೇ ಇರುತ್ತದೆ, ಮೊಣಕಾಲವರೆಗೆ ಹೂತುಕೊಳ್ಳುತ್ತದೆ. ಮುಂದೆ ಒಬ್ಬರು ಕೋಲು ಚುಚ್ಚಿ ನೋಡುತ್ತ ಹೋಗಬೇಕು. ಟ್ರೈಪಾಡಿನ ಮೂರು ಕಾಲಿಗೂ ಅಂಗೈ ಅಗಲದ ಹಲಗೆ ತುಂಡು ಕೊಡದಿದ್ದರೆ ಶಾಟ್ ನಡುವೆ ಒಂದು ಕಾಲು ಮೆಲ್ಲಗೆ ಇಳಿದು ದಿಗಂತ ವಾಲುತ್ತದೆ; ಸಣ್ಣ ತೆರೆಯ ಮೇಲೆ ಆಗ ಗೊತ್ತಾಗುವುದಿಲ್ಲ, ಮನೆಗೆ ಬಂದ ಮೇಲೆ ಗೊತ್ತಾಗುತ್ತದೆ. ದೋಣಿಯಲ್ಲಿ ಹೋಗುವುದಾದರೆ ನೀರಿನಡಿಯ ಬೊಡ್ಡೆಗಳನ್ನು ಬಲ್ಲ ಸ್ಥಳೀಯರೇ ಹುಟ್ಟು ಹಾಕಬೇಕು, ಎಲ್ಲರಿಗೂ ಜೀವರಕ್ಷಕ ಜಾಕೆಟ್ ಇರಬೇಕು, ಗಾಳಿ ಏಳುವ ಮಧ್ಯಾಹ್ನಕ್ಕೆ ಮೊದಲು ದಡ ಸೇರಬೇಕು. ಎಂಬತ್ತರ ಹಿರಿಯರನ್ನು ಬಿಸಿಲಿಗೆ ಕರೆದೊಯ್ಯುವಾಗ ಬೆಳಗಿನ ಆರರಿಂದ ಒಂಬತ್ತು ಅಷ್ಟೇ. ಮನೆಯವರೊಬ್ಬರು ಜೊತೆಗೆ ಇರಲೇಬೇಕು. ಚೆಂದದ ಬೆಳಕಿಗಾಗಿ ಹಿರಿಯರನ್ನು ಕಾಯಿಸುವುದು ನಮಗೆ ಒಪ್ಪಿಗೆಯಿಲ್ಲ.

ಇನ್ನು ಮಾತು. ‘ಮನೆ ಬಿಟ್ಟು ಬರುವಾಗ ಏನನ್ನಿಸಿತು?’ ಎಂಬ ಪ್ರಶ್ನೆಯನ್ನು ನಾವು ಕೇಳುವುದಿಲ್ಲ. ಮುಳುಗಡೆಯ ಜನ ಅರವತ್ತು ವರ್ಷದಿಂದ ಅರ್ಜಿ ಬರೆದಿದ್ದಾರೆ, ಸಭೆಗಳಲ್ಲಿ ಮಾತಾಡಿದ್ದಾರೆ, ಪತ್ರಕರ್ತರಿಗೆ ಹೇಳಿದ್ದಾರೆ. ಆ ಪ್ರಶ್ನೆಗೆ ಎಲ್ಲರ ಬಳಿಯೂ ಒಂದು ಸಿದ್ಧ ಉತ್ತರವಿದೆ: ನಾಡಿಗೆ ಬೆಳಕು ಕೊಟ್ಟು ನಾವು ಕತ್ತಲಲ್ಲಿ ಉಳಿದೆವು. ಮಾತು ನಿಜ, ಆದರೆ ಅದರೊಳಗೆ ಹೇಳುವವರ ಊರಿಲ್ಲ. ಬದಲಿಗೆ ಕೆಲಸದ ಪ್ರಶ್ನೆ ಕೇಳಬೇಕು. ‘ಅಜ್ಜ, ಹಳೇ ಮನೆ ಜಗಲಿ ಮೇಲೆ ಕೂತ್ರೆ ಎದುರಿಗೆ ಏನ್ ಕಾಣ್ತಿತ್ತು?’ ‘ಅಮ್ಮ, ನೀರು ಎಲ್ಲಿಂದ ಹೊರ್ತಿದ್ರಿ?’ ‘ಗದ್ದೆ ಸ್ವಂತದ್ದೋ ಗೇಣಿದೋ? ಗೇಣಿ ಭತ್ತ ಯಾರ ಮನೆ ಕಣಜಕ್ಕೆ ಹೋಗ್ತಿತ್ತು?’

ಈ ಕೊನೆಯ ಪ್ರಶ್ನೆ ಬಹಳ ಮುಖ್ಯ. ಸಾಗರ ಸೀಮೆಯಲ್ಲಿ ದೀವರು ಮತ್ತಿತರ ಸಮುದಾಯದ ಬಹಳ ಜನ ಆಗ ಗೇಣಿದಾರರು, ಅಂದರೆ ಒಡೆಯರ ಗದ್ದೆ ಉತ್ತು ಬೆಳೆಯ ಪಾಲು ಕೊಡುತ್ತಿದ್ದವರು. 1951ರ ಕಾಗೋಡು ಸತ್ಯಾಗ್ರಹ ನಡೆದದ್ದು ಇದೇ ಗೇಣಿಯ ಸುತ್ತ. ಗೇಣಿದಾರರಿಗೆ ಭೂಮಿ ಸಿಗುವಂತೆ ಮಾಡಿದ ಭೂಸುಧಾರಣೆಯ ತಿದ್ದುಪಡಿ ಬಂದದ್ದು 1974ರಲ್ಲಿ, ಅಂದರೆ ನೀರು ನಿಂತು ಹತ್ತು ವರ್ಷವಾದ ಮೇಲೆ. ಮುಳುಗುವ ಹೊತ್ತಿಗೆ ಉಳುತ್ತಿದ್ದವರ ಹೆಸರು ಖಾತೆಯಲ್ಲಿರಲಿಲ್ಲ. ಒಂದೇ ಊರಿನ ಇಬ್ಬರು ಒಂದೇ ಘಟನೆಯನ್ನು ಬೇರೆ ಬೇರೆಯಾಗಿ ಹೇಳಿದರೆ ಅದಕ್ಕೆ ಕಾರಣ ಇಲ್ಲಿರುತ್ತದೆ. ಒಡೆಯರ ಮನೆಯವರು ಮತ್ತು ಗೇಣಿ ಮನೆಯವರು ಇಬ್ಬರನ್ನೂ ಕೇಳಿರಬೇಕು. ಮನೆಯಿಲ್ಲದೆ ಕೂಲಿಗಿದ್ದ, ಹಸಲರಂಥ ಬುಡಕಟ್ಟಿನವರನ್ನು ಹುಡುಕಿಕೊಂಡೇ ಹೋಗಬೇಕು, ಏಕೆಂದರೆ ಅವರನ್ನು ಭೇಟಿಮಾಡಿ ಎಂದು ಯಾರೂ ತಾವಾಗಿ ಹೇಳುವುದಿಲ್ಲ.

ಮಾತಿಗೆ ಒಳ್ಳೆಯ ಕಾಲ ನವೆಂಬರಿನಿಂದ ಫೆಬ್ರವರಿ. ಆಗ ಅಡಿಕೆಯ ಕೊನೆಕೊಯ್ಲು, ಹಗಲು ಯಾರಿಗೂ ಪುರುಸೊತ್ತಿಲ್ಲ. ಆದರೆ ರಾತ್ರಿ ಊಟ ಮುಗಿಸಿ ಅಡಿಕೆ ಸುಲಿಯಲು ಕೂತಾಗ ಮಾತು ತಾನಾಗಿ ಬರುತ್ತದೆ. ಕಣ್ಣು ಮೆಟ್ಟುಗತ್ತಿಯ ಮೇಲೆ, ಕೈ ತನ್ನ ಪಾಡಿಗೆ ತಾನು. ಕ್ಯಾಮೆರಾ ನೋಡಬೇಕೆಂಬ ಸಂಕೋಚ ಇರುವುದಿಲ್ಲ. ತೊಂದರೆ ಏನೆಂದರೆ ಸಿಪ್ಪೆ ಸೀಳುವ ಸದ್ದು. ಎದೆಗೆ ಸಿಕ್ಕಿಸಿದ ಕಾಲರ್ ಮೈಕಿಗೆ ಅದು ಮಾತಿಗಿಂತ ಹತ್ತಿರ. ಇಂಥಲ್ಲಿ ಮೈಕನ್ನು ಭುಜದ ಮೇಲ್ಭಾಗಕ್ಕೆ, ಸೀರೆಯ ಪಿನ್ನಿನ ಹತ್ತಿರ ಹಾಕಿ, ಮೇಲಿನಿಂದ ಕೋಲಿನ ಮೈಕನ್ನೂ ಹಿಡಿದು ಎರಡು ಟ್ರ್ಯಾಕಿನಲ್ಲಿ ದಾಖಲಿಸುತ್ತೇವೆ. ಧ್ವನಿಮುದ್ರಕದ ಸೆಟ್ಟಿಂಗ್ 48 ಕಿಲೋಹರ್ಟ್ಸ್, 24 ಬಿಟ್. ಮಾತಿನ ಏರು ಮೈನಸ್ 12 ಡೆಸಿಬೆಲ್ ಹತ್ತಿರ. ಎದ್ದು ಬರುವ ಮೊದಲು ಆ ಜಗಲಿಯ ಬರೀ ಸದ್ದನ್ನು ಒಂದು ನಿಮಿಷ ತೆಗೆದುಕೊಳ್ಳಬೇಕು. ಮಾತನ್ನು ಕತ್ತರಿಸಿ ಜೋಡಿಸಿದ ಕಡೆ ತುಂಬಲು ಅದೇ ಆಧಾರ.

ಮಳೆಗಾಲದಲ್ಲಿ ಹಂಚಿನ ಮನೆಯಾದರೆ ಹೇಗೋ ನಡೆಯುತ್ತದೆ, ತಗಡಿನ ಮಾಡಿನ ಕೆಳಗೆ ಸಾಧ್ಯವೇ ಇಲ್ಲ. ಬೇಸಿಗೆಯ ಕೊನೆಗೆ ಜೀರುಂಡೆಯ ಕಾಟ. ಅದರ ಸದ್ದು ಮಾತಿನ ಸ, ಶ, ಚ ಅಕ್ಷರಗಳು ಇರುವ ಏರುಸ್ವರದ ಪಟ್ಟಿಯಲ್ಲೇ ಕೂರುವುದರಿಂದ ಸಾಫ್ಟ್‌ವೇರಿನಲ್ಲಿ ತೆಗೆಯಹೋದರೆ ಮಾತೂ ಮೊಂಡಾಗುತ್ತದೆ. ಜಾಗ ಬದಲಿಸುವುದೊಂದೇ ದಾರಿ. ಲಾಂಚಿನ ಡೀಸೆಲ್ ಎಂಜಿನ್ನಿನ ಗುಡುಗಾದರೆ ಕೆಳಸ್ವರ, 80 ಹರ್ಟ್ಸಿನ ಲೋ ಕಟ್ (ಕೆಳಸ್ವರ ತಗ್ಗಿಸುವ ಫಿಲ್ಟರ್) ಹಾಕಿದರೆ ಅರ್ಧ ಇಳಿಯುತ್ತದೆ. ಆ ಸದ್ದನ್ನು ಪ್ರತ್ಯೇಕವಾಗಿಯೂ ದಾಖಲಿಸಿಡಬೇಕು. 2025ರ ಜುಲೈಯಲ್ಲಿ ಅಂಬಾರಗೋಡ್ಲು–ಕಳಸವಳ್ಳಿ ಸೇತುವೆ ತೆರೆದ ಮೇಲೆ ಕರೂರು ಸೀಮೆಯ ಜನ ಸಾಗರಕ್ಕೆ ಹೋಗಿಬರುವ ರೀತಿಯೇ ಬದಲಾಗಿದೆ. ಲಾಂಚಿಗೆ ಕಾಯುವುದು, ಕಡೆಯ ಲಾಂಚ್ ತಪ್ಪಿ ದಡದಲ್ಲಿ ಉಳಿಯುವುದು ಒಂದು ತಲೆಮಾರಿನ ಬದುಕಾಗಿತ್ತು. ಅದರ ಸದ್ದು ಮುಂದೆ ಬೇಕೆಂದಾಗ ಸಿಗಲಿಕ್ಕಿಲ್ಲ.

ಕ್ಯಾಮೆರಾದ ಬಗ್ಗೆ ಹೆಚ್ಚು ಹೇಳುವುದಿಲ್ಲ. ನಮ್ಮ ಕರೆಂಟು 50 ಹರ್ಟ್ಸ್ ಆದ್ದರಿಂದ ಸೆಕೆಂಡಿಗೆ 25 ಫ್ರೇಮ್, ಶಟರ್ 1/50. ಕರೆಂಟಿಗೆ ಹೊಂದದ ಶಟರ್ ಇಟ್ಟರೆ ಟ್ಯೂಬ್‌ಲೈಟಿನ ಕೆಳಗೆ ಚಿತ್ರ ಮಿಣಮಿಣ ಎನ್ನುತ್ತದೆ. ಸೆಕೆಂಡಿಗೆ 100 ಮೆಗಾಬಿಟ್‌ನಂತೆ (ಎಂಬಿಪಿಎಸ್) ತೆಗೆದರೆ ಗಂಟೆಗೆ 45 ಜಿಬಿ ಜಾಗ ಬೇಕು. ಅದೇ ರಾತ್ರಿ ಎರಡು ಡಿಸ್ಕಿಗೆ ನಕಲು, ಎರಡೂ ಒಂದೇ ಬ್ಯಾಗಿನಲ್ಲಿ ಇರಬಾರದು. ಮಲೆನಾಡಿನಲ್ಲಿ ಲೆನ್ಸಿನ ಶತ್ರು ಬೂಸ್ಟು. ಗಾಳಿ ಹೋಗದ ಡಬ್ಬಿ, ಒಳಗೆ ಸಿಲಿಕಾ ಜೆಲ್, ಒಂದು ತೇವಾಂಶ ಮಾಪಕ. ಮುಳ್ಳು 40ರಿಂದ 50ರ ನಡುವೆ ಇರಲಿ. ಒದ್ದೆ ಚರ್ಮದ ಬ್ಯಾಗಿನಲ್ಲಿ ಆಷಾಢ ಕಳೆದ ಲೆನ್ಸಿನ ಗಾಜಿನ ಮೇಲೆ ಜೇಡನ ಎಳೆಯಂತೆ ಹಬ್ಬಿದ ಬೂಸ್ಟನ್ನು ಪೂರ್ತಿ ತೆಗೆಯಲಾಗುವುದಿಲ್ಲ.

ಅನುಮತಿಯ ವಿಷಯ. ಹಿನ್ನೀರಿನ ಸುತ್ತಣ ಬಹುಭಾಗ ವನ್ಯಜೀವಿಧಾಮ. ಅಲ್ಲಿ ಚಿತ್ರೀಕರಣಕ್ಕೆ 1972ರ ವನ್ಯಜೀವಿ ಕಾಯ್ದೆಯಡಿ ಮುಖ್ಯ ವನ್ಯಜೀವಿ ಪರಿಪಾಲಕರ ಪರವಾನಗಿ ಬೇಕು. ಬರೀ ವಲಯ ಕಚೇರಿಯ ಬಾಯಿಮಾತು ಸಾಲದು. ಅಣೆಕಟ್ಟೆ ಮತ್ತು ವಿದ್ಯುದಾಗಾರಕ್ಕೆ ವಿದ್ಯುತ್ ನಿಗಮದ್ದು ಬೇರೆ. ಡ್ರೋನು 250 ಗ್ರಾಮಿನೊಳಗಿನದಾದರೂ ಎಲ್ಲಿ ಹಾರಿಸಬಹುದು ಎಂಬುದನ್ನು ಬಣ್ಣದಲ್ಲಿ ತೋರಿಸುವ ಸರ್ಕಾರದ ಡಿಜಿಟಲ್ ಸ್ಕೈ ನಕಾಶೆಯಲ್ಲಿ ಆ ಜಾಗದ ಬಣ್ಣ ನೋಡದೆ ಹಾರಿಸಬಾರದು.

ಜನರ ಒಪ್ಪಿಗೆ ಇದಕ್ಕಿಂತ ಸೂಕ್ಷ್ಮ. ಒಪ್ಪಿಗೆ ಪತ್ರ ಕನ್ನಡದಲ್ಲಿ ಒಂದು ಪುಟ, ಗಟ್ಟಿಯಾಗಿ ಓದಿ ಹೇಳಿ, ಅವರು ಒಪ್ಪಿದ್ದನ್ನು ಧ್ವನಿಯಲ್ಲೂ ದಾಖಲಿಸಿಕೊಳ್ಳಬೇಕು. ಎಡಿಟಿಂಗ್ ಅಂತಿಮವಾಗುವವರೆಗೆ ಹಿಂದೆ ಸರಿಯುವ ಹಕ್ಕು ಅವರಿಗಿದೆ ಎಂದು ಅದರಲ್ಲೇ ಬರೆದಿರಬೇಕು. ಅದಕ್ಕಿಂತ ದೊಡ್ಡ ವಿಷಯ ಭೂಮಿಯದು. ಮುಳುಗಡೆಯವರಿಗೆ ಬಿಟ್ಟುಕೊಟ್ಟ ಎಷ್ಟೋ ಜಾಗ ಕಾಗದದಲ್ಲಿ ಅರಣ್ಯವಾಗಿಯೇ ಉಳಿಯಿತು. 1980ರ ಅರಣ್ಯ ಸಂರಕ್ಷಣಾ ಕಾಯ್ದೆ ಬಂದ ಮೇಲೆ ಕೇಂದ್ರದ ಒಪ್ಪಿಗೆಯಿಲ್ಲದೆ ಅದನ್ನು ಬಿಡಿಸುವಂತಿಲ್ಲ, ಹಕ್ಕುಪತ್ರದ ಹೋರಾಟ ಇನ್ನೂ ನಿಂತಿಲ್ಲ. ಹೀಗಿರುವಾಗ ಒಬ್ಬರು ಕ್ಯಾಮೆರಾ ಮುಂದೆ ‘ಈ ಎರಡೆಕರೆ ಆಮೇಲೆ ಮಾಡ್ಕಂಡಿದ್ದು’ ಎಂದು ಸಹಜವಾಗಿ ಹೇಳಿದ ಮಾತು ನಾಳೆ ಅವರ ವಿರುದ್ಧವೇ ಸಾಕ್ಷಿಯಾಗಬಹುದು. ಸರ್ವೆ ನಂಬರ್ ಕಾಣುವ ಪಹಣಿ, ಬೇಲಿಯ ಅಂಚು ತೋರಿಸುವ ಡ್ರೋನ್ ಶಾಟ್, ಇಸವಿ ಸಹಿತ ಸಾಗುವಳಿಯ ಮಾತು ಈ ಮೂರನ್ನೂ ನಾವು ಚಿತ್ರದಿಂದ ಹೊರಗಿಡುತ್ತೇವೆ. ಅವರೇ ಒಪ್ಪಿದರೂ ಹೊರಗಿಡುತ್ತೇವೆ. ಚಿತ್ರ ಸ್ವಲ್ಪ ಬಡವಾಗುತ್ತದೆ, ಆಗಲಿ.

ಸಂಸ್ಕೃತಿ ಎಂದಾಗ ಎಲ್ಲರೂ ಕುಣಿತ, ಹಾಡು ಕೇಳಿಕೊಂಡು ಬರುತ್ತಾರೆ. ಕ್ಯಾಮೆರಾಕ್ಕೆಂದು ಹಾಡಿಸಿದ ಹಾಡು ಬೇಡ, ಅದು ನಡೆಯುವ ದಿನವೇ ಹೋಗಬೇಕು. ದೀವರ ಮನೆಗಳ ಭೂಮಿ ಹುಣ್ಣಿಮೆ ಅಂಥದ್ದು. ಅಶ್ವಯುಜ ಮಾಸದ ಹುಣ್ಣಿಮೆ, ಭತ್ತ ಹೊಡೆಯಾಗುವ ಕಾಲ, ಭೂಮಿತಾಯಿಗೆ ಬಯಕೆ ಊಟ. ಅದರ ಕೆಲಸ ದಿನಗಳ ಮೊದಲೇ ಶುರು. ಬಿದಿರಿನ ಬುಟ್ಟಿಗೆ ಸಗಣಿ ಸಾರಿಸಿ, ಒಣಗಿದ ಮೇಲೆ ಕೆಮ್ಮಣ್ಣು ಬಳಿದು, ಅದು ಪೂರ್ತಿ ಆರಿದ ಮೇಲೆ ಅಕ್ಕಿಹಿಟ್ಟಿನಿಂದ ಚಿತ್ತಾರ ಬರೆಯುತ್ತಾರೆ. ಬರೆಯುವುದು ಪುಂಡಿ ನಾರಿನ ಕುಂಚದಿಂದ. ನಾರನ್ನು ಜಜ್ಜಿ, ತುದಿ ಬಿಡಿಸಿ, ಬೇಕಾದಷ್ಟೇ ಎಳೆ ಉಳಿಸಿಕೊಳ್ಳುತ್ತಾರೆ. ಗೆರೆ ಎಳೆಯುವಾಗ ಕುಂಚ ನಿಲ್ಲುವುದಿಲ್ಲ. ನಿಂತರೆ ಅಲ್ಲೊಂದು ಗುಡ್ಡೆಯಾಗುತ್ತದೆ. ಹಿಟ್ಟು ನೀರಾಗಿದ್ದರೆ ಬರೆದ ತಕ್ಷಣ ಏನೂ ಕಾಣುವುದಿಲ್ಲ, ಆರುತ್ತ ಆರುತ್ತ ಬೆಳ್ಳಗೆ ಎದ್ದು ಬರುತ್ತದೆ. ಆ ಬದಲಾವಣೆ ತೆರೆಯ ಮೇಲೆ ಬರಬೇಕಾದರೆ ಎಕ್ಸ್‌ಪೋಷರ್ ಕೈಯಲ್ಲೇ ಕಟ್ಟಿಹಾಕಿ, ಕ್ಯಾಮೆರಾ ಅಲುಗಿಸದೆ ಬಿಡಬೇಕು. ಕ್ಯಾಮೆರಾವನ್ನು ಆಟೋದಲ್ಲಿಟ್ಟರೆ ಕೆಮ್ಮಣ್ಣಿನ ಕೆಂಪನ್ನು ಅದು ತಾನೇ ತಿದ್ದಿ ಕಂದು ಮಾಡುತ್ತದೆ. ಬಣ್ಣ ಸರಿಹೊಂದಿಸುವ ವೈಟ್ ಬ್ಯಾಲೆನ್ಸ್‌ನ ಬೂದು ಹಾಳೆಯನ್ನು ಬುಟ್ಟಿಯ ಪಕ್ಕದಲ್ಲೇ ಹಿಡಿದು ಅಳತೆ ಮಾಡಬೇಕು.

ಹುಣ್ಣಿಮೆಯ ರಾತ್ರಿ ಇಡೀ ಅಡುಗೆ. ಬೆಳಗಿನ ಜಾವ, ಬೆಳಕು ಹರಿಯುವ ಮೊದಲು, ಮನೆಯ ಗಂಡಸರು ಅಚ್ಚಂಬಲಿಯ (ಭೂಮಿಗೆ ಕೊಡುವ ಎಡೆಯ) ಬುಟ್ಟಿ ಹೊತ್ತು ಗದ್ದೆಗೆ ಹೋಗಿ ಚರಗ ಬೀರುತ್ತಾರೆ, ಅಂದರೆ ಆ ಎಡೆಯನ್ನು ಪೈರಿಗೆ ಚೆಲ್ಲುತ್ತಾರೆ. ಬೆಳದಿಂಗಳು ಮತ್ತು ಕೈಯಲ್ಲಿನ ಸೂಡಿ (ಪಂಜು) ಇಷ್ಟೇ ಬೆಳಕು. ಎಲ್‌ಇಡಿ ಪ್ಯಾನಲ್ ಹಿಡಿದು ಮುಂದೆ ಓಡುವುದು ಸಲ್ಲ. ಹೆಚ್ಚು ಬೆಳಕು ಒಳಬಿಡುವ ಎಫ್ 1.8ರ ಲೆನ್ಸ್, ಹೆಚ್ಚಿನ ಐಎಸ್‌ಒ, ಕಾಣದ್ದು ಕಾಣದೇ ಇರಲಿ, ಧ್ವನಿ ಮಾತ್ರ ಚೆನ್ನಾಗಿರಲಿ. ಎತ್ತಂಗಡಿಯಾಗಿ ಬಂದ ಕೇರಿಗಳಲ್ಲಿ ಇಲ್ಲಿ ಒಂದು ಪ್ರಶ್ನೆ ಇರುತ್ತದೆ: ಹಳೇ ಊರಿನಲ್ಲಿ ಚರಗ ಯಾವ ಗದ್ದೆಯಿಂದ ಶುರುವಾಗುತ್ತಿತ್ತು, ಇಲ್ಲಿ ಯಾವುದರಿಂದ, ಅದನ್ನು ಯಾರು ತೀರ್ಮಾನಿಸಿದರು? ಗುರುತು, ಪರಂಪರೆ ಎಂಬ ದೊಡ್ಡ ಮಾತುಗಳಿಗಿಂತ ಈ ಪ್ರಶ್ನೆಗೆ ಬರುವ ಉತ್ತರದಲ್ಲಿ ಹೆಚ್ಚು ಹುರುಳಿದೆ. ಹಳೇ ಮನೆಯಿಂದ ಬಿಚ್ಚಿ ತಂದ ಬಾಗಿಲು, ಕಂಬಗಳ ವಿಷಯವೂ ಅಷ್ಟೇ. ಹೊಸ ಮನೆಯ ಗೋಡೆಗೆ ಅಳತೆ ಕೂರದೆ ದಾರಂದದ (ಬಾಗಿಲ ಚೌಕಟ್ಟಿನ) ಪಕ್ಕ ಪಟ್ಟಿ ಕೊಟ್ಟ ಜಾಗವನ್ನು ಹತ್ತಿರದಿಂದ ತೋರಿಸಿ, ಅದನ್ನು ಕೂರಿಸಿದ ಆಚಾರಿ ಯಾರು, ಎಷ್ಟು ದಿನ ಹಿಡಿಯಿತು ಎಂದು ಕೇಳಿ. ದೇವರ ಬನದ ಒಳಗೆ, ನೈವೇದ್ಯದ ಹೊತ್ತಿನಲ್ಲಿ ಬೇಡ ಎಂದರೆ ಕ್ಯಾಮೆರಾ ಕೆಳಗಿಡಬೇಕು. ದೂರದಿಂದ ಜೂಮ್ ಮಾಡುವುದೂ ತಪ್ಪೇ.

ಎಡಿಟಿಂಗ್ ಕೆಲಸದ ಮುಕ್ಕಾಲು ಭಾಗ ಬರಹ. ಒಂದು ಗಂಟೆಯ ಮಾತನ್ನು ಬರೆದಿಳಿಸಲು ಐದಾರು ಗಂಟೆ ಬೇಕು. ಮಾತನ್ನು ಅಕ್ಷರವಾಗಿಸುವ ತಂತ್ರಾಂಶಗಳು ‘ಹೋತಿದ್ವು, ಬತ್ತಿದ್ವು’ ಎಂಬ ಈ ಕಡೆಯ ಮಾತನ್ನು ಪುಸ್ತಕದ ಕನ್ನಡಕ್ಕೆ ತಿದ್ದಿಬಿಡುತ್ತವೆ, ಊರಿನ ಹೆಸರುಗಳನ್ನು ಕೆಡಿಸುತ್ತವೆ. ಅದೇ ಊರಿನ ಓದಿದ ಹುಡುಗಿ ಅಥವಾ ಹುಡುಗನಿಗೆ ಸಂಬಳ ಕೊಟ್ಟು ಬರೆಸುವುದು ಒಳ್ಳೆಯದು. ಕನ್ನಡದ ಅಡಿಬರಹವನ್ನೂ ಹಾಕಬೇಕು, ಬಳ್ಳಾರಿಯವರಿಗೆ ಈ ಮಾತು ಅರ್ಥವಾಗಬೇಕಲ್ಲ. ಆದರೆ ಆಡಿದ ರೂಪವನ್ನೇ ಉಳಿಸಿ ಬರೆಯುತ್ತೇವೆ. ಎರಡು ಸಾಲು ಮೀರಬಾರದು. ಕೆಲವು ಎಡಿಟಿಂಗ್ ತಂತ್ರಾಂಶಗಳಲ್ಲಿ ಒತ್ತಕ್ಷರ ಬಿಡಿಬಿಡಿಯಾಗಿ ಒಡೆದು ಕಾಣುತ್ತದೆ. ಯೂನಿಕೋಡಿನಲ್ಲಿ ಅಡಿಬರಹದ ಎಸ್‌ಆರ್‌ಟಿ ಕಡತ ಮಾಡಿ ಎಫ್‌ಎಫ್‌ಎಂಪೆಗ್ ಎಂಬ ಉಚಿತ ತಂತ್ರಾಂಶದ ಮೂಲಕ ಚಿತ್ರಕ್ಕೆ ಅಚ್ಚೊತ್ತಿದರೆ ಸರಿಯಾಗಿ ಬರುತ್ತದೆ. ‘ನುಡಿ’ ತಂತ್ರಾಂಶದ ಹಳೆಯ ಅಕ್ಷರದಲ್ಲಿ ಬೆರಳಚ್ಚು ಮಾಡಿದ್ದಿದ್ದರೆ ಮೊದಲು ಯೂನಿಕೋಡಿಗೆ ತಿರುಗಿಸಿ, ಅರ್ಕಾವೊತ್ತು ಇರುವ ಪದಗಳನ್ನು ಒಂದೊಂದಾಗಿ ನೋಡಬೇಕು.

ಕಚ್ಚಾ ಚಿತ್ರವನ್ನು ಮೊದಲು ತೋರಿಸಬೇಕಾದದ್ದು ಆ ಕೇರಿಯಲ್ಲೇ. ಶಾಲೆಯ ಗೋಡೆ ಅಥವಾ ಬಿಳಿ ಪಂಚೆ, ಒಂದು ಪ್ರೊಜೆಕ್ಟರ್, ಧ್ವನಿಗೆ ಭಜನೆಯ ಸ್ಪೀಕರ್. ಕರೆಂಟು ಹೋದರೆ ಜನರೇಟರ್ ಐವತ್ತು ಅಡಿ ದೂರದಲ್ಲಿರಲಿ. ನೋಡುತ್ತ ಜನ ಕೂಗಿ ಹೇಳುವ ತಿದ್ದುಪಡಿಗಳನ್ನು ಟೈಮ್‌ಕೋಡ್ ಸಹಿತ ಬರೆದುಕೊಳ್ಳಲು ಒಬ್ಬರು ಬೇರೆಯೇ ಕೂತಿರಬೇಕು: ಆ ಗುಡ್ಡ ಅದಲ್ಲ, ಆಕೆ ನನ್ನ ಚಿಕ್ಕಮ್ಮ, ಆ ಮಾತು ತೆಗೀರಿ. ತೆಗೀರಿ ಎಂದದ್ದನ್ನು ತೆಗೆಯಬೇಕು. ಬೇರೆ ಕಡೆ ಸಾರ್ವಜನಿಕವಾಗಿ ತೋರಿಸುವ ಮುಂಚೆ ಸೆನ್ಸಾರ್ ಪ್ರಮಾಣಪತ್ರದ ಕೆಲಸ ಇದ್ದೇ ಇದೆ, ಅದಕ್ಕೆ ಬೇಕಾದ ಹೊತ್ತನ್ನು ಮೊದಲೇ ಲೆಕ್ಕದಲ್ಲಿ ಸೇರಿಸಿಕೊಳ್ಳಿ. ಹಳೆಯ ಸರ್ಕಾರಿ ಪ್ರಕಟಣೆಗಳನ್ನು ಬಳಸುವುದಾದರೆ, ಪ್ರಕಟವಾಗಿ 60 ವರ್ಷ ಕಳೆದವಕ್ಕೆ ಹಕ್ಕುಸ್ವಾಮ್ಯವಿಲ್ಲ. 1964ರವು ಈಗ ಮುಕ್ತ.

ಚಿತ್ರದಲ್ಲಿ ಒಬ್ಬೊಬ್ಬರ ಮಾತು ಉಳಿಯುವುದು ಮೂರೋ ನಾಲ್ಕೋ ನಿಮಿಷ. ಉಳಿದ ಗಂಟೆಗಟ್ಟಲೆ ಮಾತು ಆ ಮನೆಯವರದ್ದು. ಪ್ರತಿ ಮನೆಗೆ ಅವರ ಪೂರ್ತಿ ಮುದ್ರಣವನ್ನು ಪೆನ್‌ಡ್ರೈವಿನಲ್ಲಿ ಕೊಡುತ್ತೇವೆ. ಕಡತ ಎಚ್.264 ಎಂಪಿ4 ರೂಪದಲ್ಲಿದ್ದರೆ ಟಿವಿಯಲ್ಲೂ ಫೋನಿನಲ್ಲೂ ಓಡುತ್ತದೆ. ಎಫ್‌ಎಟಿ32 ಬಗೆಯಲ್ಲಿ ಫಾರ್ಮ್ಯಾಟ್ ಆದ ಪೆನ್‌ಡ್ರೈವಿಗೆ 4 ಜಿಬಿ ದಾಟಿದ ಕಡತ ಹಿಡಿಯುವುದಿಲ್ಲ, ಅರ್ಧ ಅರ್ಧ ಗಂಟೆಯ ತುಂಡು ಮಾಡಿ ಕೊಡಿ. ಕಡತದ ಹೆಸರಿನಲ್ಲಿ ಮಾತಾಡಿದವರ ಹೆಸರು, ಹಳೇ ಊರು, ಈಗಿನ ಊರು, ತಾರೀಖು ಇರಲಿ. ಕೈಯಲ್ಲಿ ಬರೆಸಿದ ಆ ನಕಾಶೆಯನ್ನು ಸ್ಕ್ಯಾನ್ ಮಾಡಿ ದೊಡ್ಡ ಅಳತೆಯಲ್ಲಿ ಮುದ್ರಿಸಿ ಕೊಟ್ಟರೆ ಮದುವೆಮನೆಗಳಲ್ಲಿ ಅದನ್ನು ಹರಡಿಕೊಂಡು ಕೂರುತ್ತಾರೆ. ಆಗ ಹೊಸದಾಗಿ ನೆನಪಾದದ್ದನ್ನು ಗುರುತು ಹಾಕಲು ಅಂಚಿನಲ್ಲಿ ಮೂರಿಂಚು ಖಾಲಿ ಬಿಡಿ.